ಕಿವಿ ಮುಟ್ಟುವ ವಯಸ್ಸು

ಬೆಳಿಗ್ಗೆ ಪೂಜೆಗೆ ಕೂತ ಸುಕನ್ಯಾಳಿಗೆ ಅಂಗೈಯೊಳಗಿನ ಲಿಂಗದ ಮೇಲೆ ಕಣ್ಣು ನಿಲ್ಲಲೊಲ್ಲದು. ನೀರೆರೆದಳು, ವಿಭೂತಿ ಇಟ್ಟಳು, ಕಣಗಿಲೆಯ ಎಸಳೊಂದನ್ನು ಏರಿಸಿದಳು. ಕೈ ತನ್ನ ಪಾಡಿಗೆ ತಾನು ಮಾಡುತ್ತಿತ್ತು. ಮನಸ್ಸು ಮಾತ್ರ ಪಕ್ಕದ ಕೋಣೆಯ ಟ್ರಂಕಿನ ಸುತ್ತ ಹಸಿದ ಬೆಕ್ಕಿನ ಹಾಗೆ ಸುಳಿಯುತ್ತಿತ್ತು. ಟ್ರಂಕಿನ ತಳದಲ್ಲಿ, ಅಪ್ಪನ ಕೆಂಪಂಚಿನ ಹಳೇ ಶಲ್ಯದೊಳಗೆ, ಅಪ್ಪನ ರಿವಾಲ್ವರ್ ಮಲಗಿತ್ತು. ಇವತ್ತು ಅದನ್ನು ಠಾಣೆಗೆ ಒಯ್ಯಬೇಕು. ಲೈಸೆನ್ಸು ತಮ್ಮನ ಹೆಸರಿಗೆ ಆಗಲಿ, ನನ್ನದೇನೂ ತಕರಾರಿಲ್ಲ ಎಂದು ಹೇಳಿ ಬರಬೇಕು. ಗುರುಶಾಂತನಿಗೆ ಜೂನ್ ಒಂದಕ್ಕೆ ಇಪ್ಪತ್ತೊಂದು ತುಂಬಿತ್ತು. ತುಂಬಿತು ಎಂದು ಎಲ್ಲರೂ ಹೇಳುತ್ತಿದ್ದರು.

ಹುಟ್ಟಿದ ಕೂಸಿನ ಕೊರಳಿಗೆ ಅಯ್ಯನವರು ಬಂದು ಲಿಂಗ ಕಟ್ಟಿ ಹೋಗುತ್ತಾರೆ. ಇದನ್ನು ಹೊರಲು ನಿನಗೆಷ್ಟು ವಯಸ್ಸು ಎಂದು ಯಾರೂ ಕೇಳುವುದಿಲ್ಲ. ಕಬ್ಬಿಣದ್ದನ್ನು ಸೊಂಟಕ್ಕೆ ಕಟ್ಟಿಕೊಳ್ಳುವುದಕ್ಕೆ ಮಾತ್ರ ಸರ್ಕಾರ ಇಪ್ಪತ್ತೊಂದು ಎಂದು ಗೆರೆ ಎಳೆದಿದೆ. ಅಪ್ಪ ಹಾಲೇಶಪ್ಪ ಮೈಮೇಲೆ ಹೊತ್ತು ತಿರುಗಿದ್ದು ಇವೆರಡನ್ನೇ. ಲಿಂಗ ಅಪ್ಪನ ಎಡಗೈಯೊಳಗೇ ಕೂತು ಅಪ್ಪನ ಜೊತೆ ಮಣ್ಣಿಗೆ ಹೋಯಿತು. ಉಳಿದದ್ದು ಇನ್ನೊಂದು. ಅಪ್ಪನ ಅಂಗೈಯ ಬೆವರನ್ನು ಕುಡಿದು ಕುಡಿದು ಅದರ ಹಿಡಿಕೆಯ ಕಟ್ಟಿಗೆ ಕಪ್ಪಾಗಿತ್ತು. ಆ ಕಪ್ಪಿನ ಮೇಲೆ ತನ್ನ ಅಂಗೈ ಇಟ್ಟಾಗ ಆಗುತ್ತಿದ್ದುದು ಏನು ಎಂದು ಸುಕನ್ಯಾ ಯಾರಿಗೂ ಹೇಳಿದವಳಲ್ಲ. ಹೇಳಿದರೆ ನಗುತ್ತಾರೆ. ಕಣ್ಣು ಮುಚ್ಚಿದಳು. ಶಿವನೇ, ಮನಸ್ಸು ಕಬ್ಬಿಣಕ್ಕೆ ಹೋಯಿತಲ್ಲ ಎಂದುಕೊಂಡಳು. ಕಣ್ಣು ಮುಚ್ಚಿದಲ್ಲಿಯೂ ಅದೇ ಕಪ್ಪು.

ಹೊರಗೆ ಬಚ್ಚಲಲ್ಲಿ ಗುರುಶಾಂತ ತಲೆಗೆ ನೀರು ಸುರುವಿಕೊಳ್ಳುತ್ತ ಏನೋ ಗುನುಗುತ್ತಿದ್ದ. ಹಬ್ಬಕ್ಕೆ ಎದ್ದ ಹುಡುಗನ ಸಡಗರ. ಅವ್ವ ನಾಗಲಿಂಗಮ್ಮ ಹೊಲಿಗೆ ಮಿಷನ್ನಿನ ಮುಂದೆ ಕೂತವಳು ಗಾಲಿ ನಿಲ್ಲಿಸಿ, "ಪೂಜಿ ಮುಗೀತೇನವಾ? ರಾಹುಕಾಲ ಬರೋದ್ರೊಳಗ ಹೋಗಿ ಬರ್ರಿ" ಅಂದಳು.

"ಹೊಕ್ಕೀವಿ."

"ಹೊಕ್ಕೀವಿ ಅಂತ ಅಲ್ಲೇ ಕುಂತೀ. ನೆನ್ನಿಂದ ನೋಡಾಕತ್ತೀನಿ, ಮಗಳನ್ನ ಗಂಡನ ಮನಿಗೆ ಕಳಿಸೋರ ಗತಿ ಮಕ ಮಾಡಿಕೊಂಡೀ. ಅದೇನು ಕೂಸೇನು?"

"ನಾ ಏನಂದೆ ಈಗ?"

"ಅನ್ನಾಕ ಏನೈತಿ. ಆವತ್ತು ಮನ್ಯಾಗ ವಯಸ್ಸು ತುಂಬಿದಾಕಿ ನೀ ಇದ್ದಿ, ನಿನ್ನ ಹೆಸರಿಗೆ ಬಂತು. ಅವಗ ತುಂಬೋತನಕ ಅಂತನ ನಿಮ್ಮ ಕಾಕಾ ಹೇಳಿದ್ದ. ಈಗ ತುಂಬೇತಿ."

ಅವ್ವನಿಗೂ ಗೊತ್ತು ಎಂದು ಸುಕನ್ಯಾ ಅಂದುಕೊಂಡಳು. ಹೆತ್ತವಳಿಗೆ ಗೊತ್ತಿಲ್ಲದೆ ಇರುತ್ತದೆಯೇ? ದೀಪಾವಳಿ ಅಮಾವಾಸ್ಯೆಯ ದಿನ, ಬೀದಿಗೆಲ್ಲ ಹಣತೆ ಹಚ್ಚುವ ಹೊತ್ತಿಗೆ ಹುಟ್ಟಿದ ಮಗ. ಏಳು ವರ್ಷದ ಸುಕನ್ಯಾ ಬಾಗಿಲ ಹೊರಗೆ ಹಣತೆ ಹಿಡಿದು ನಿಂತವಳು, ಒಳಗಿನ ಅಳು ಕೇಳಿ ಎಣ್ಣೆಯನ್ನೆಲ್ಲ ಲಂಗದ ಮೇಲೆ ಚೆಲ್ಲಿಕೊಂಡಿದ್ದಳು. ಆ ಲೆಕ್ಕದಲ್ಲಿ ತಮ್ಮನಿಗೆ ಇನ್ನೂ ಹತ್ತೊಂಬತ್ತೂವರೆ. ಆದರೆ ಅವ್ವ ಎಂದೋ ಹೇಳಿಬಿಟ್ಟಿದ್ದಳು: ಸಾಲ್ಯಾಗ ಬರೆದದ್ದ ವಯಸ್ಸು, ಹಡೆದಾಕಿ ಮಾತು ಯಾರು ಕೇಳ್ತಾರ. ಅಪ್ಪ ಸತ್ತಾಗ ಲೈಸೆನ್ಸು ಅವ್ವನ ಹೆಸರಿಗೇ ಆಗಬಹುದಿತ್ತು. ಅವ್ವ ಕೈ ಮುಗಿದು ಬಿಟ್ಟಳು. ಸೂಜಿ ಬಿಟ್ಟು ಬ್ಯಾರೆ ಕಬ್ಬಿಣ ನಾ ಮುಟ್ಟಂಗಿಲ್ಲಪ್ಪ ಅಂದಳು. ಹೀಗೆ ಅದು ಸುಕನ್ಯಾಳ ಕೈಗೆ ಬಂದದ್ದು. ಬೇಕೇನೇ ಎಂದು ಯಾರೂ ಕೇಳದೆ, ದಾರಿಯಲ್ಲಿ ಸಿಕ್ಕವರ ಕೈಗೆ ಕೂಸನ್ನು ಕೊಟ್ಟು ಸೀರೆ ಸರಿಮಾಡಿಕೊಳ್ಳುತ್ತಾರಲ್ಲ, ಹಾಗೆ.

ಟ್ರಂಕು ತೆರೆದಳು. ಶಲ್ಯ ಬಿಚ್ಚದೆಯೇ ಮೂಗಿಗೆ ಹಿಡಿದಳು. ಹೊಲಿಗೆ ಮಿಷನ್ನಿನ ಎಣ್ಣೆಯ ವಾಸನೆ. ಪ್ರತಿ ಅಮಾವಾಸ್ಯೆಯ ಮಧ್ಯಾಹ್ನ ಅಪ್ಪನ ಶೇಂಗಾ ಸುಲಿಯುವ ಮಿಲ್ಲಿಗೆ ರಜೆ. ಅಪ್ಪ ಊಟ ಮಾಡಿ, ಪಡಸಾಲೆಯಲ್ಲಿ ಹಳೇ ಧೋತರದ ತುಂಡು ಹಾಸಿ ಅದರ ಮೇಲೆ ರಿವಾಲ್ವರ್ ಇಟ್ಟುಕೊಂಡು ಕೂರುತ್ತಿದ್ದ. ಹಡಗಲಿ ದಾರಿಯಲ್ಲಿ ಒಮ್ಮೆ ಯಾರೋ ಅಡ್ಡಗಟ್ಟಿ ಹಣದ ಚೀಲ ಕಸಿದ ಮೇಲೆ ತಂದದ್ದು ಅದು. ಒಂದು ದಿನವೂ ಯಾರ ಮೇಲೂ ಎತ್ತಿದವನಲ್ಲ. ಆದರೂ ಒರೆಸುವಾಗ ಅಪ್ಪನ ಮುಖ ಪೂಜೆಗೆ ಕೂತಾಗಿನ ಮುಖವೇ. ಅವ್ವನ ಮಿಷನ್ನಿನ ಎಣ್ಣೆಯ ಕುಪ್ಪಿ ಪಕ್ಕದಲ್ಲಿ. ರಿವಾಲ್ವರಿನ ಬಾಯಿ ಯಾವತ್ತೂ ಗೋಡೆಯ ಕಡೆಗೆ. "ಖಾಲಿ ಐತಿ ಅಂತ ಮನಷ್ಯಾರ ಕಡೆ ತಿರುಗಸಬಾರದು. ಖಾಲಿ ಬಾಯೀನ ಜಾಸ್ತಿ ಮಾತಾಡೋದು" ಅನ್ನುತ್ತಿದ್ದ. ಎದುರಿಗೆ ಸುಕನ್ಯಾ, ಮೊಣಕಾಲು ಮಡಿಸಿ, ಒಂದು ಬಟ್ಟೆ ಹೊಲಸಾದ ಕೂಡಲೇ ಇನ್ನೊಂದನ್ನು ಅಪ್ಪನ ಚಾಚಿದ ಕೈಗೆ ಇಡುತ್ತ. ಅಪ್ಪ ನೋಡದೆಯೇ ಕೈ ಚಾಚುತ್ತಿದ್ದ. ಬಟ್ಟೆ ಬಂದೇ ಬರುತ್ತದೆ ಎಂದು ಆ ಕೈಗೆ ಗೊತ್ತಿತ್ತು. ಅಷ್ಟರಲ್ಲಿ ಬೀದಿಯಲ್ಲಿ ಆಡುತ್ತಿದ್ದ ಗುರುಶಾಂತ ನೀರು ಕುಡಿಯಲು ಓಡಿ ಬರುವನು, ಅಪ್ಪ ತಲೆ ಎತ್ತಿ, ಅವನನ್ನು ನೋಡಿ, ಮುಖ ಅರಳಿಸಿ, "ಇದು ನಿನಗ ಮಗನ. ಮೊದಲ ಹದಿನಾರಿತ್ತಂತ, ಈಗ ಇಪ್ಪತ್ತೊಂದು ಮಾಡ್ಯಾರ. ಓಟಿಗೆ ಹದಿನೆಂಟು ಸಾಕು, ಮದುವಿಗೆ ಇದಕ್ಕ ಎರಡಕ್ಕೂ ಇಪ್ಪತ್ತೊಂದು. ಎರಡೂ ಸಿಡಿಯೋವ ಅಲ್ಲೇನು" ಎಂದು ತಾನೇ ನಗುತ್ತಿದ್ದ. ಸುಕನ್ಯಾಳೂ ನಗುತ್ತಿದ್ದಳು. ನಗುತ್ತಲೇ ಮುಂದಿನ ಬಟ್ಟೆ ಮಡಿಸುತ್ತಿದ್ದಳು. ಆ ಕಣ್ಣು ಒಮ್ಮೆ, ಬಟ್ಟೆ ಇಸಿದುಕೊಳ್ಳುವಾಗಲಾದರೂ, ತನ್ನ ಕಡೆ ಹೊರಳಿ, ನಿನಗೂ ಬೇಕೇನೇ ಎಂದು ಕೇಳಬಹುದು ಎಂದು ಕಾದದ್ದು ಎಷ್ಟು ಅಮಾವಾಸ್ಯೆಯೋ.

ರಿವಾಲ್ವರನ್ನು ಶಲ್ಯದ ಸಮೇತ ಹೆಗಲಚೀಲದೊಳಗೆ ಇಳಿಸಿದಳು. ಗುಂಡುಗಳು ಪೌಡರ್ ಡಬ್ಬಿಯಲ್ಲಿ ಬೇರೆ. ಐದು ವರ್ಷದಿಂದ ಸಂತೆಯ ದಿನ ಮಿಲ್ಲಿನ ಹಣದೊಂದಿಗೆ ಬ್ಯಾಂಕಿಗೆ ಹೋಗುವಾಗ ಇದೇ ಚೀಲ, ಇದೇ ಎಡಹೆಗಲು. ಭಾರ ಬಿದ್ದ ಕೂಡಲೇ ಮೈ ತಾನಾಗಿಯೇ ಒಂದಿಷ್ಟು ವಾಲಿತು. ಅಪ್ಪ ಕೂಸಾಗಿ ಹೆಗಲೇರಿದ್ದಾನೆ ಅನ್ನಿಸುತ್ತಿತ್ತು ಮೊದಮೊದಲು. ಈಚೆಗೆ ಹಾಗೆ ಅನ್ನಿಸುವುದೂ ನಿಂತು, ಬರೀ ಭಾರವೇ ಹಿತವಾಗಿತ್ತು.

ಬಾಗಿಲಲ್ಲಿ ಗುರುಶಾಂತ ಇಸ್ತ್ರಿಯ ಅಂಗಿ ತೊಟ್ಟು ನಿಂತಿದ್ದ. ಹಣೆಯ ಮೇಲೆ ಮೂರು ಬೆರಳ ವಿಭೂತಿ, ಮೀಸೆಯಲ್ಲಿ ಇನ್ನೂ ಸಂದುಗಳು. "ಏನಕ್ಕಾ, ಭಾರ ಆತೇನು? ತಾ ಇಲ್ಲಿ, ನಾ ಹಿಡಕೋತೀನಿ."

"ಮುಟ್ಟಬ್ಯಾಡ. ನಿನ್ನ ಹೆಸರಿಗೆ ಆಗೋಮಟ ನೀ ಹಿಡಿಯಂಗಿಲ್ಲ."

"ಅಬ್ಬಾ, ಪೊಲೀಸರಕಿಂತ ನೀನ ಬಿರುಸಲ್ಲ" ಎಂದು ಅವನು ಎರಡೂ ಕೈ ಮೇಲೆತ್ತಿ ನಡೆದ.

ಹಗರಿಬೊಮ್ಮನಹಳ್ಳಿಯ ಬಜಾರಿನಲ್ಲಿ ಆಗಲೇ ಬಿತ್ತನೆ ಶೇಂಗಾದ ಚೀಲಗಳು ಬಾಯ್ಬಿಟ್ಟಿದ್ದವು. ಹಂಪಸಾಗರದ ಬಸ್ಸು ಇಳಿದವರು ಕಾಳು ಒಡೆದು ಬಾಯಿಗೆ ಹಾಕಿಕೊಳ್ಳುತ್ತ ದರ ಕೇಳುತ್ತಿದ್ದರು. ಮೊದಲ ಮಳೆಗೆ ನೆಲ ನೆನೆದು ಆರಿದ ವಾಸನೆ. ಗುರುಶಾಂತ ಎರಡು ಹೆಜ್ಜೆ ಮುಂದೆ. ಈಚೆಗೆ ಅವನ ಬಲಗೈ ನಡೆಯುವಾಗ ಸೊಂಟದ ಬಳಿ ಸುಮ್ಮನೆ ತಂಗುತ್ತಿತ್ತು, ಇಲ್ಲದ್ದನ್ನು ಕಾಯುವ ಹಾಗೆ. ಹೋದ ವಾರ ಬಸ್ ಸ್ಟ್ಯಾಂಡಿನ ಚಹಾದ ಅಂಗಡಿಯಲ್ಲಿ ಯಾರೋ ಏನೋ ಅಂದರೆಂದು ಅವರ ಅಂಗಿ ಹಿಡಿದು ಬಂದಿದ್ದ. ರಾತ್ರಿ ಬಾಯಿ ತೆರೆದುಕೊಂಡು ಮಲಗಿದ್ದನ್ನು ನೋಡಿದರೆ ಹಾಲು ಕುಡಿಯುವ ಕೂಸು. ಇಂಥವನ ಕೈಗೆ ಅದನ್ನು ಕೊಡುವುದೇ? ಹೀಗೆ ಕೇಳಿಕೊಂಡ ಮರುಗಳಿಗೆಯೇ ಸುಕನ್ಯಾಳಿಗೆ ತನ್ನ ಮೇಲೆ ಅಸಹ್ಯ ಬಂತು. ಇದು ತಮ್ಮನ ಚಿಂತೆಯೋ, ಚೀಲದ ಆಸೆಯೋ? ಎರಡೂ ಒಂದೇ ಬಣ್ಣದ ಸೀರೆ ಉಟ್ಟು ಬಂದರೆ ಯಾವುದನ್ನು ಯಾವುದೆಂದು ಗುರುತಿಸಬೇಕು?

ಅಪ್ಪನಿಲ್ಲದ ಮೇಲೆ ಹರಪನಹಳ್ಳಿಯಿಂದ ಗಂಡಿನ ಕಡೆಯವರು ಬಂದಿದ್ದರು. ಮಂಡಕ್ಕಿ ಒಗ್ಗರಣೆ, ಮೆಣಸಿನಕಾಯಿ ಬಜ್ಜಿ ಆಯಿತು, ಚಹಾ ಆಯಿತು. ಹುಡುಗನ ಸೋದರಮಾವ ಲೋಟ ಕೆಳಗಿಡುತ್ತ, "ಅಲ್ಲರೀ, ಹುಡುಗಿ ಹೆಸರಿಗೆ ಪಿಸ್ತೂಲು ಐತೆ ಅಂತಾರಲ್ಲ, ಗಂಡ-ಹೆಂಡ್ತಿ ಜಗಳ ಆದ್ರೆ ನಾವು ಯಾರ ಹಿಂದೆ ನಿಂತ್ಕಬೇಕು?" ಅಂದ. ಎಲ್ಲರೂ ನಕ್ಕರು. ಅವ್ವ ಎಲ್ಲರಿಗಿಂತ ಜೋರಾಗಿ ನಕ್ಕಳು. ಅವಳ ನಗು ಮುಗಿಯುವ ತನಕ ಸುಕನ್ಯಾ ತಟ್ಟೆಯಲ್ಲಿ ಉಳಿದ ಬಜ್ಜಿಯ ತೊಟ್ಟನ್ನು ನೋಡುತ್ತ ನಿಂತಿದ್ದಳು. ಅವರಿಂದ ಸುದ್ದಿ ಬರಲಿಲ್ಲ. ಇಲೆಕ್ಷನ್ ಬಂದಾಗಲೆಲ್ಲ ಲೈಸೆನ್ಸಿನ ಬಂದೂಕು, ಪಿಸ್ತೂಲುಗಳನ್ನು ಠಾಣೆಗೆ ಒಪ್ಪಿಸಬೇಕು; ಅಲ್ಲಿ ಪಟಗ ಸುತ್ತಿದ ಗೌಡರ ಸಾಲಿನಲ್ಲಿ ಇವಳೊಬ್ಬಳು ಹೆಂಗಸು. "ಗಂಡಸ್ರು ಯಾರೂ ಬರಲಿಲ್ಲೇನವಾ?" ಎಂದು ಪೇದೆ ಕರಿಸಿದ್ದಪ್ಪ ಪ್ರತಿಸಲವೂ ಕೇಳುತ್ತಿದ್ದ. ಎಣಿಕೆ ಮುಗಿದು ಅದು ವಾಪಸು ಬರುವ ತನಕ ಟ್ರಂಕಿನ ಶಲ್ಯದಲ್ಲಿ ಒಂದು ಗುಳಿ ಮಾತ್ರ ಇರುತ್ತಿತ್ತು. ಆ ಗುಳಿಯೊಳಗೆ ಅವಳು ಕೈ ಇಟ್ಟುಕೊಂಡು ಕೂತದ್ದುಂಟು.

ಕನ್ನಡ ಸಾಲೆಯ ಮುಂದೆ ಬಂದಾಗ ಗಂಟೆ ಹೊಡೆಯಿತು. ಹೊಸದಾಗಿ ಸೇರುವ ಮಕ್ಕಳನ್ನು ಹಿಡಿದುಕೊಂಡು ತಾಯಂದಿರು ನಿಂತಿದ್ದರು. ಒಬ್ಬ ಹುಡುಗ ಕೈ ಕೊಡವಿಕೊಂಡು ಅಳುತ್ತಿದ್ದ. ತಮ್ಮನನ್ನು ಇಲ್ಲಿ ಸೇರಿಸಿದಾಗ ಸುಕನ್ಯಾಳಿಗೆ ಹನ್ನೆರಡು. ಅವ್ವ ಮಿಲ್ಲಿನ ಆಳುಗಳಿಗೆ ರೊಟ್ಟಿ ಬಡಿಯಬೇಕು, ಕೂಸನ್ನು ನೋಡುವವರಿಲ್ಲ. ತಮ್ಮನ್ನ ಕಟ್ಟಿಕೊಂಡು ಸಾಲಿಗೆ ಬರಬ್ಯಾಡ ಎಂದು ಮಾಸ್ತರರು, ಹಂಗಾರ ನೀ ಸಾಲಿ ಬಿಡು ಎಂದು ಅವ್ವ. ಬಿಡಲು ಸುಕನ್ಯಾ ತಯಾರಿರಲಿಲ್ಲ. ಉಳಿದ ದಾರಿ ಒಂದೇ, ತಮ್ಮನೂ ಸಾಲೆಗೆ ಸೇರುವುದು. ಆಗೆಲ್ಲ ಹುಟ್ಟಿದ ದಿನ ಯಾರು ಕೇಳುತ್ತಿದ್ದರು? ಬಲಗೈಯನ್ನು ತಲೆಯ ಮೇಲಿಂದ ತಂದು ಎಡಗಿವಿ ಮುಟ್ಟಿದರೆ ಸಾಲೆಯ ವಯಸ್ಸಾಯಿತು. ಜೂನ್ ಒಂದು ಎಂದು ಬರೆದರಾಯಿತು. ಅರ್ಧ ಊರು ಹುಟ್ಟಿದ್ದು ಜೂನ್ ಒಂದಕ್ಕೇ. "ಕೈ ಎತ್ತಲೇ ತಮ್ಮಾ" ಅಂದರು ಮಾಸ್ತರರು. ಗುರುಶಾಂತ ಎತ್ತಿದ. ಮಿದು ಬೆರಳು ನೆತ್ತಿ ದಾಟಿ, ಕೂದಲಲ್ಲಿ ತಡಕಾಡಿ, ಕಿವಿಗೆ ಎರಡು ಬೆರಳು ದೂರದಲ್ಲಿ ನಿಂತುಬಿಟ್ಟವು. ಮಾಸ್ತರರು ನಶ್ಯದ ಡಬ್ಬಿಗೆ ತಲೆ ಬಗ್ಗಿಸಿದ ಗಳಿಗೆಯಲ್ಲಿ, ಹಿಂದೆ ನಿಂತ ಸುಕನ್ಯಾ ತಮ್ಮನ ತಲೆಯನ್ನು ಬಲಕ್ಕೆ ಮೆಲ್ಲಗೆ ವಾಲಿಸಿದಳು. ಕಿವಿ ತಾನೇ ಮೇಲೆದ್ದು ಬಂದು ಬೆರಳಿಗೆ ತಾಗಿತು. "ಹಾಂ, ಮುಟ್ಟೇತಿ" ಅಂದರು ಮಾಸ್ತರರು. ಕೂಸು ತಾನೇನೋ ಗೆದ್ದೆನೆಂದು ಅಕ್ಕನ ಕಡೆ ತಿರುಗಿ ನಕ್ಕಿತು. ಅವಳ ಅಂಗೈಗೆ ಆ ಬೆಚ್ಚಗಿನ ಕೆನ್ನೆ ಈಗಲೂ ತಾಗುತ್ತದೆ.

ಠಾಣೆಯ ಪಡಸಾಲೆಯಲ್ಲಿ ಕರಿಸಿದ್ದಪ್ಪ ಇವಳನ್ನು ನೋಡಿ, "ಈಗ ಯಾವ ಇಲೆಕ್ಷನ್ನೂ ಇಲ್ಲಲ್ಲವಾ, ದಾರಿ ತಪ್ಪಿ ಬಂದ್ಯೇನು?" ಅಂದ. ಹಿಂದಿದ್ದ ತಮ್ಮನನ್ನು ಕಂಡು, "ಓಹೋ, ಅಂತೂ ಗಂಡಸ್ರು ಬಂದ್ರು" ಎಂದು ಬೆಂಚು ತೋರಿಸಿದ. ಗುರುಶಾಂತ ಎದೆ ಸೆಟೆಸಿ ಕೂತ.

ಎಸ್‌ಐ ಭೀಮರಾಜ ಈಚೆಗೆ ಬಂದವರು, ಮೆತ್ತಗಿನ ಮಾತಿನವರು. "ಬರ್ರಿ ಅಕ್ಕಾರ, ಕುಂದ್ರಿ" ಎಂದು ಚೀಲದೊಳಗಿನದನ್ನು ಮೇಜಿನ ಮೇಲೆ ಇಡಿಸಿದರು. ಸುಕನ್ಯಾ ಇಡುವಾಗ ಅದರ ಬಾಯಿ ಗೋಡೆಯ ಕಡೆ ಮಾಡಿದಳು. ಅವರು ಅದನ್ನು ಗಮನಿಸಿ ತಲೆದೂಗಿದರು. "ಹೆಚ್ಚಿಂದು ಏನಿಲ್ರಿ. ಬಳ್ಳಾರಿಗೆ ನಾ ಬರೆದು ಕಳಿಸಬೇಕು. ನಿಮ್ಮ ತಮ್ಮಗ ಇಪ್ಪತ್ತೊಂದು ತುಂಬೇತಿ, ಅವಗ ಕೊಟ್ರ ನಿಮ್ಮದು ತಕರಾರಿಲ್ಲ. ಹೌದಲ್ಲರಿ? ನಿಮ್ಮ ಬಾಯಿಲೆ ಒಂದು ಮಾತು ಬೇಕು."

ಹೂಂ ಅನ್ನಬೇಕು. ಅಷ್ಟೇ. ಆದರೆ ಕಣ್ಣು ಮೇಜಿನ ಮೇಲೇ ನಿಂತಿತ್ತು. ಇಲ್ಲ ಅಂದರೆ? ಇಲ್ಲ ಅಂದರೂ ಸುಳ್ಳಲ್ಲ. ಮುಂದಿನ ವರ್ಷದ ದೀಪಾವಳಿಯ ತನಕ ಚೀಲ ನನ್ನ ಹೆಗಲಲ್ಲೇ. ಹುಟ್ಟಿದಾಗಿನಿಂದ ಇಷ್ಟು ಹಗುರವಾಗಿ, ಇಷ್ಟು ನೇರವಾಗಿ ಸತ್ಯ ಯಾವತ್ತೂ ಅವಳ ಕಡೆಗೆ ನಿಂತಿರಲಿಲ್ಲ. ಅದಕ್ಕೇ ಅದರ ಮುಖ ನೋಡಲು ಭಯ. ಅಷ್ಟರಲ್ಲಿ ಹೊರಗೆ ಲಾರಿ ಹೊಂಡಕ್ಕೆ ಇಳಿದಿದೆಯೆಂದು ನಾಲ್ಕು ಜನ ಕೂಗಿಕೊಂಡು ಬಂದರು. ಭೀಮರಾಜ, "ಕುಂದ್ರಿ, ಬಂದೆ" ಎಂದು ಎದ್ದು ಹೋದರು.

ಗುರುಶಾಂತ ಒಳಗೆ ಬಂದು ಪಕ್ಕದ ಕುರ್ಚಿಯ ತುದಿಯಲ್ಲಿ ಕೂತ. "ಯಾಕಕ್ಕಾ, ಸುಮ್ಮನಾಗಿಬಿಟ್ಟಿ?"

ಮೇಜಿನ ಮೇಲಿನದನ್ನು ನೋಡುತ್ತಲೇ ಅವಳು ಅಂದಳು, "ನಿನಗಿನ್ನೂ ಹತ್ತೊಂಬತ್ತು, ಗುರು."

"ಏನು ಹುಚ್ಚು ಹಿಡಿದೈತೇನು ನಿನಗ?"

ಹೇಳಿದಳು. ಮಾಸ್ತರರ ನಶ್ಯ, ನೆತ್ತಿಯಲ್ಲಿ ನಿಂತ ಬೆರಳು, ವಾಲಿಸಿದ ತಲೆ. ಅವನು ಮೊದಲು ನಕ್ಕ. ಬಲಗೈ ಎತ್ತಿ ತಲೆಯ ಮೇಲಿಂದ ಎಡಗಿವಿ ಹಿಡಿದು, "ಈಗರ ಮುಟ್ಟತೈತಲ್ಲ, ನೋಡು" ಅಂದ. ಆಮೇಲೆ ಕೈ ಇಳಿಸಿದ. "ಅದನ್ನ ಸಾಹೇಬ್ರ ಮುಂದ ಹೇಳ್ತಿಯೇನು?"

"ಗೊತ್ತಿಲ್ಲ."

ಅವನು ಅವಳನ್ನೇ ನೋಡಿದ. ಅಪ್ಪನದೇ ಹುಬ್ಬು. "ಯಾಕಕ್ಕಾ? ನಿನಗ ಬೇಕಾಗಿತ್ತೇನದು?"

ಹೊರಗೆ ಲಾರಿಯವರ ಗಲಾಟೆ ಎಲ್ಲೋ ದೂರ ಸರಿದ ಹಾಗಾಯಿತು. ಪಡಸಾಲೆ, ಧೋತರದ ತುಂಡು, ಎಣ್ಣೆಯ ಕುಪ್ಪಿ. ಅಷ್ಟು ಅಮಾವಾಸ್ಯೆ ಕಾದ ಮಾತು, ಕೇಳಬೇಕಾದವನು ಮಣ್ಣಾದ ಮೇಲೆ, ಸಂದು ಮೀಸೆಯ ಬಾಯಿಂದ ಬಂದಿತ್ತು.

"ಹೂಂ" ಅಂದಳು. "ಬೇಕಾಗಿತ್ತು."

ಗುರುಶಾಂತ ತಲೆ ತಗ್ಗಿಸಿ ಚಪ್ಪಲಿಯ ಉಂಗುಟ ತಿರುಗಿಸಿದ. "ನನಗೂ ಬೇಕಕ್ಕಾ" ಅಂದ. "ನಿನಗ ಅಪ್ಪ ಸಿಕ್ಕಾನ. ಎದುರಿಗೆ ಕುಂತು, ದಿನದಿನ ಸಿಕ್ಕಾನ. ನನಗ ಬರೀ ಕೊಡ್ತೀನಿ, ಕೊಡ್ತೀನಿ ಅನ್ನೋ ಮಾತು ಸಿಕ್ಕೇತಿ. ನಾ ಹಾಸ್ಟೆಲಿಂದ ಬರೋದ್ರಾಗ ಅಪ್ಪನ ಮಕ ತುಂಬ ವಿಭೂತಿ ಬಳದು ಕುಂದರಿಸಿಬಿಟ್ಟಿದ್ರಿ. ಕೈ ಮುಟ್ಟಾಕೂ ಬಿಡಲಿಲ್ಲ."

ಅದು ಶ್ರಾವಣ. ಹತ್ತನೇ ಇಯತ್ತೆ ಮುಗಿಸಿ ಅವನು ಹರಪನಹಳ್ಳಿಯ ಹಾಸ್ಟೆಲು ಸೇರಿ ಎರಡು ತಿಂಗಳಾಗಿತ್ತು. ಅಪ್ಪ ಮಿಲ್ಲಿನಲ್ಲಿ ಚೀಲದ ಮೇಲೆ ಒರಗಿದವನು ಸುಕನ್ಯಾಳ ತೊಡೆಯ ಮೇಲೆ ತಲೆಯಿಟ್ಟು ಕಣ್ಣು ಮುಚ್ಚಿದ. ಅವಳು ಐದು ವರ್ಷದಿಂದ ಅದನ್ನೇ ನೆನೆದಿದ್ದಳು. ತೊಡೆಯ ಮೇಲಿನ ಆ ಭಾರವನ್ನು ಮಾತ್ರ. ಎರಡು ಬೆರಳು ದೂರದಲ್ಲಿ ನಿಂತ ಕೈಯನ್ನು ನಿಂತಲ್ಲೇ ಬಿಟ್ಟಿದ್ದರೆ ತಮ್ಮ ಒಂದು ವರ್ಷ ತಡವಾಗಿ ಸಾಲೆ ಸೇರುತ್ತಿದ್ದ. ಆ ಶ್ರಾವಣದಲ್ಲಿ ಅವನು ಇದೇ ಊರಲ್ಲಿ, ಹತ್ತನೇ ಇಯತ್ತೆಯಲ್ಲಿ, ಕೂಗಿದರೆ ಓಡಿ ಬರುವಷ್ಟು ದೂರದಲ್ಲಿ ಇರುತ್ತಿದ್ದ. ಅಪ್ಪನ ಕೊನೆಯ ನೋಟ ಯಾರ ಮೇಲೆ ಬೀಳುತ್ತಿತ್ತೋ. ತನ್ನ ಅಂಗೈ ಆವತ್ತು ವಾಲಿಸಿದ್ದು ಬರೀ ತಲೆಯನ್ನಲ್ಲ. ಇದನ್ನು ಅವನಿಗೆ ಹೇಳಲಿಲ್ಲ. ಹೇಳಿದರೆ ಅವನು ಕ್ಷಮಿಸಿಬಿಡುತ್ತಾನೆ. ಕ್ಷಮೆ ಇಸಿದುಕೊಂಡು ಮನೆಗೆ ಹೋಗುವುದು ಅವಳಿಗೆ ಬೇಡವಾಗಿತ್ತು. ಕೈ ಚಾಚಿ ಅವನ ಕೆನ್ನೆಯ ಮೇಲಿದ್ದ ವಿಭೂತಿಯ ಪುಡಿಯನ್ನು ಒರೆಸಿದಳು. ಕೆನ್ನೆ ಒರಟಾಗಿತ್ತು.

ಭೀಮರಾಜ ಬಂದು ಕೂತರು. "ಹೂಂ, ಎಲ್ಲಿಗೆ ಬಿಟ್ಟಿದ್ವಿ? ತಮ್ಮಗ ಇಪ್ಪತ್ತೊಂದು..."

"ತುಂಬೇತ್ರಿ" ಅಂದಳು ಸುಕನ್ಯಾ. "ನನ್ನ ತಕರಾರೇನಿಲ್ಲ."

ಹದಿನೈದು ವರ್ಷದ ಹಿಂದೆ ಕಿವಿಯನ್ನು ಬೆರಳಿಗೆ ಮುಟ್ಟಿಸಿದವಳೇ ಇನ್ನೊಮ್ಮೆ ಮುಟ್ಟಿಸಿದಳು. ಆವತ್ತಿನದು ತನಗಾಗಿ. ಇವತ್ತಿನದನ್ನು ಯಾರ ಲೆಕ್ಕಕ್ಕೆ ಬರೆದುಕೊಳ್ಳುತ್ತೀಯೋ ಶಿವನೇ, ನಿನಗೆ ಬಿಟ್ಟದ್ದು. ಗುರುಶಾಂತ ಅವಳ ಕಡೆ ನೋಡಲಿಲ್ಲ. ಅವನ ಕಿವಿಗಳೆರಡೂ ಕೆಂಪಾಗಿದ್ದವು.

ಬಳ್ಳಾರಿಯಿಂದ ಆರ್ಡರು ಬರುವ ತನಕ ಅದು ಠಾಣೆಯಲ್ಲೇ ಇರಬೇಕು. ಕರಿಸಿದ್ದಪ್ಪ ಅದಕ್ಕೂ ಗುಂಡಿನ ಡಬ್ಬಿಗೂ ಚೀಟಿ ಕಟ್ಟಿ ಎತ್ತಿಕೊಂಡವನು, ಶಲ್ಯವನ್ನು ತೆಗೆದು ಅವಳ ಕೈಗಿಟ್ಟ. "ಅರಿವಿ ಬ್ಯಾಡವಾ, ಇಲ್ಲಿ ಇಲಿ ಕಡೀತಾವು." ಅವಳು ಅದನ್ನು ಮಡಿಸಲಿಲ್ಲ, ಗುಳಿ ಇದ್ದ ಹಾಗೆಯೇ ಚೀಲದೊಳಗೆ ಇಳಿಸಿದಳು.

ಬಜಾರಿಗೆ ಬಂದಾಗ ಬಿಸಿಲು ಏರಿತ್ತು. ಚೀಲದಲ್ಲಿ ಶಲ್ಯ ಬಿಟ್ಟು ಏನೂ ಇರಲಿಲ್ಲ, ಆದರೂ ಹೆಗಲು ವಾಲಿಯೇ ನಡೆಯುತ್ತಿತ್ತು. ನೆಟ್ಟಗಾಗಲು ನೋಡಿದಳು, ಮೈ ಒಪ್ಪಲಿಲ್ಲ. ಇರಲಿ ಎಂದು ಬಿಟ್ಟಳು. ಗುರುಶಾಂತ ಈಗ ಮುಂದೆ ನಡೆಯದೆ ಅವಳ ಸರಿಸಮ ಬರುತ್ತಿದ್ದ. ಕೈ ಸೊಂಟದಲ್ಲಿ ಇರಲಿಲ್ಲ. ಸಾಲೆ ದಾಟಿದ ಮೇಲೆ ಕೆಮ್ಮಿದ.

"ಅಕ್ಕಾ."

"ಏನ್ಲೇ?"

"ಅದು ಬಂದ ಮ್ಯಾಲೆ... ಅದನ್ನ ಬಿಚ್ಚಿ ಒರಸೋದು ನನಗ ಬರಂಗಿಲ್ಲ. ಯಾರೂ ಕಲಿಸಿಲ್ಲ."

ಶೇಂಗಾದ ರಾಶಿಯ ಮುಂದೆ ಯಾರೋ ದರಕ್ಕೆ ಜಗಳ ತೆಗೆದಿದ್ದರು. ಅವರನ್ನು ಬಳಸಿ ನಡೆಯುತ್ತ ಸುಕನ್ಯಾ ಚೀಲದೊಳಗೆ ಕೈ ಹಾಕಿ, ಶಲ್ಯದ ಗುಳಿಯಲ್ಲಿ ಬೆರಳು ಇಟ್ಟುಕೊಂಡಳು. ಎಣ್ಣೆಯ ಜಿಡ್ಡು ಇನ್ನೂ ಇತ್ತು.

"ಅಮಾಸಿ ದಿನ ಮಧ್ಯಾಹ್ನ ಬೀದಿ ಸುತ್ತಾಕ ಹೋಗಬ್ಯಾಡ" ಅಂದಳು. "ನನ್ನ ಎದುರಿಗೆ ಕುಂದ್ರು. ನಾ ಕೈ ಚಾಚಿದಾಗ ಬಟ್ಟಿ ಕೊಡಬೇಕು. ಮೊದಲ ಅದನ್ನ ಕಲಿ."